ಮೂವತ್ತೈದು, ಹತ್ತೊಂಬತ್ತು

ಹೆಸರು ಪರೀಕ್ಷೆಗೆ ಬೇಕು, ಬರೆದುಕೊಳ್ಳಿ ಎಂದೆ.
ಇಲ್ಲಿ ಬೇಡ. ಇಲ್ಲಿ ಅವನು ಬರೀ ದರ್ಜಿ.
ಅಂಗಿ ಹೊಲಿಯುತ್ತಿದ್ದ ಕೈಗೆ
ಒಂದು ದೇಶದ ಅಧ್ಯಕ್ಷಗಿರಿ ಬಂದು ಬಿತ್ತು,
ಕುರ್ಚಿಯಲ್ಲಿದ್ದವನನ್ನು ನಾಟಕ ನೋಡುವಾಗ ಕೊಂದಿದ್ದರಿಂದ.

ಬಿ.ಎ. ನಾಲ್ಕನೇ ಸೆಮಿಸ್ಟರು, ಕಾರವಾರ,
ಊಟ ಮುಗಿದ ಮೇಲಿನ ಪಿರಿಯಡ್ಡು.

ಹದಿನೈದರ ಹುಡುಗನಾಗಿದ್ದಾಗ ಇವನೂ
ಯಜಮಾನನ ಅಂಗಡಿಯಿಂದ ಓಡಿಹೋದವನೇ.
ಹಿಡಿದುಕೊಟ್ಟವರಿಗೆ ಹತ್ತು ಡಾಲರು ಎಂದು
ಪೇಪರಿನಲ್ಲಿ ಬಂದಿತ್ತು.
'ಹಾಗಾದರೆ ಓಡಿದವರ ಕಾಲುನೋವು ತಿಳಿಯಬೇಕಿತ್ತಲ್ಲ ಮೇಡಂ?'
ಕೇಳಿದ್ದು ಮೂರನೇ ಬೆಂಚಿನ ಪ್ರಣಾಲಿ ತಾಂಡೇಲ.
ತಿಳಿಯಬೇಕಿತ್ತು, ಎಂದೆ.
ಆ ಪ್ರಶ್ನೆಗೆ ಮಾರ್ಕ್ಸ್ ಇಲ್ಲ.

ಆ ಯುದ್ಧದಲ್ಲಿ ಈ ಕಡಲಿಗೂ ಪಾಲಿದೆ.
ಅಲ್ಲಿಯ ಹತ್ತಿ ಹಡಗು ಹತ್ತದೆ ಕೂತಾಗ
ಧಾರವಾಡದ ಹತ್ತಿಗೆ ಬಂಗಾರದ ದರ;
ಘಟ್ಟ ಕಡಿದು ರಸ್ತೆ, ಇಲ್ಲೊಂದು ಬಂದರು,
ಬಂದರಿಗೊಂದು ದೀಪ.
ಅಲ್ಲಿ ಶಾಂತಿಯಾಯಿತು, ಇಲ್ಲಿ ದರ ಬಿತ್ತು.
'ಶಾಂತಿಯಿಂದ ದಿವಾಳಿಯಾದ ಊರಿನವರು ನಾವು'
ಎಂದಾಗ ಹುಡುಗರು ನಕ್ಕರು.

ನಾವು, ಅಂದೆ.
ಆ ಘಟ್ಟ ಕಡಿಯುವ ಹೊತ್ತಿಗೆ ನನ್ನವರು
ಯಲ್ಲಾಪುರದ ಕಾಡೊಳಗೆ ಉಸಿರು ಹಿಡಿದಿದ್ದರು,
ಗೋವೆಯ ಪರಂಗಿ ದೊರೆಗಳ ಮನೆಯಿಂದ ಓಡಿಬಂದು.
ಅವರ ತಲೆಗೆ ಎಷ್ಟು ಕಟ್ಟಿದ್ದರೋ,
ಯಾವ ಪೇಪರೂ ನನ್ನ ಕೈಗೆ ಸಿಕ್ಕಿಲ್ಲ.
ಇವತ್ತಿಗೂ ಮೀನು ಪೇಟೆಯಲ್ಲಿ ನನ್ನ ಕೂದಲು ನೋಡಿ
'ಟೂ ಹಂಡ್ರೆಡ್' ಅನ್ನುತ್ತಾಳೆ ಅವಳು.
'ಬಾಂಗ್ಡೆ ಕಶೆ ದಿಲೆ ಗೊ?' ಅಂದರೆ
ತಕ್ಕಡಿ ಜಾರಿ, ದರವೂ ನೂರಕ್ಕೆ ಜಾರುತ್ತದೆ.

ಗೆದ್ದ ಸೇನೆ, ಸಂಕೋಲೆ ಕಳಚಿದವರಿಗೆ
ಕಡಲಂಚಿನ ಹೊಲ ಹಂಚಿತ್ತು,
ಮನೆಗೆ ನಲವತ್ತು ಎಕರೆ.
ಬಿತ್ತಿದ್ದರು, ಮೊಳಕೆಯೂ ಎದ್ದಿತ್ತು.
ದರ್ಜಿ ಸಹಿ ಹಾಕಿದ: ಹೊಲ ಹಳೆಯ ಒಡೆಯರಿಗೆ,
ಬಿತ್ತಿದವರು ಅದೇ ಸಾಲಿನಲ್ಲಿ ಕೂಲಿಗೆ.

ನಮ್ಮಪ್ಪ ಇನಾಸ ಎರಡು ಎಕರೆ ಕೇಳಿದ್ದ.
ಅಳೆಯಲು ಬಂದ ಜಿಪಿಎಸ್ ಹುಡುಗ
ಮನೆಗೊಂದು ಸುತ್ತು ಹಾಕಿ ಚಾ ಕುಡಿದು ಹೋದ.
ಪಟ್ಟೆಯಲ್ಲಿ ನಾಲ್ಕು ಗುಂಟೆ.
ಗೇರುಮರ ಹೊರಗೆ. ಬಾವಿ ಹೊರಗೆ.
ಪಾಸ್ಕಿನ್ ಅಜ್ಜಿಯ ಗೋರಿ, ಶಿಲುಬೆ ಸಮೇತ, ಹೊರಗೆ.

ವಿಚಾರಣೆ ನಡೆಯಿತು, ನೋಡಲು ಟಿಕೇಟಿಗೆ ನೂಕುನುಗ್ಗಲು.
ಹೊಲದ ಲೆಕ್ಕ ಯಾರೂ ಕೇಳಲಿಲ್ಲ;
ಒಬ್ಬ ಮಂತ್ರಿಯನ್ನು ಕೇಳದೆ ಕಿತ್ತದ್ದೇ ದೊಡ್ಡ ಅಪರಾಧ.
ಐವತ್ತನಾಲ್ಕು ಜನ. ಮೂವತ್ತಾರು ಬೇಕು.
ಮೂವತ್ತೈದು ಬಂತು.
ಹುಡುಗರು ಕೊನೆಯ ಬಾಲಿಗೆ ಸೋತವರಂತೆ ತಲೆಗೆ ಕೈ ಇಟ್ಟರು.
ನಾನೂ ಎಷ್ಟೋ ವರ್ಷ ಆ ಒಂದು ಓಟಿನ ಬೆನ್ನು ಹತ್ತಿದ್ದೆ,
ಅದೊಂದು ಬಿದ್ದಿದ್ದರೆ, ಅದೊಂದು ಬಿದ್ದಿದ್ದರೆ ಎಂದು.
ಈಗ ಉಳಿದ ಐವತ್ತಮೂರನ್ನೂ ನೋಡುತ್ತೇನೆ:
ಹೊಲ ಕಳಕೊಂಡವನು
ಅಲ್ಲಿ ಒಬ್ಬನೂ ಕೂತಿರಲಿಲ್ಲ.

ಅಜ್ಜಿ ಕೌದಿ ಹೊಲಿಯುವಾಗ ಬೈಯುತ್ತಿದ್ದಳು:
ಹರುಕಿಗೆ ಹರುಕು ಹಚ್ಚಿದರೆ ನಿಲ್ಲುತ್ತದೇನೇ,
ಅಡಿಗೊಂದು ಗಟ್ಟಿ ಸೀರೆ ಹಾಸು ಮೊದಲು.
ನಡುವಿಗೆ ಸೂಜಿ ಹಾಕಬೇಡ.
ಅಂಚಿನಿಂದ ಹೊಲಿಯುತ್ತ ಬಾ, ನಡು ತಾನಾಗಿ ಸಿಗುತ್ತದೆ.
ನಾಲ್ಕು ಮೂಲೆಗೆ ಹೂವಿಡದ ಕೌದಿಯನ್ನು
ಬತ್ತಲೆ ಎಂದು ಮಡಚಿಡುತ್ತಿದ್ದಳು.

ಗಂಟೆ ಹೊಡೆಯಿತು. ಮುಂದಿನ ಪುಟದಲ್ಲಿ
ರೈಲು, ಉಕ್ಕು, ಎಣ್ಣೆ; ಬಿಡುಗಡೆಯಾದವರು
ಬಹಳ ಪುಟಗಳವರೆಗೆ ಕಾಣುವುದಿಲ್ಲ.
ಎಲ್ಲಿಗೆ ಹೋದರು ಮೇಡಂ, ಎಂದಳು ಪ್ರಣಾಲಿ, ಚೀಲ ಹೆಗಲಿಗೇರಿಸುತ್ತ.

ಗುರುವಾರ ಕ್ಲಾಸಿಲ್ಲ, ರಜೆ ಹಾಕಿದ್ದೇನೆ.
ಡೀಸಿ ಕಚೇರಿಯಲ್ಲಿ ಅಪ್ಪನ ಮೇಲ್ಮನವಿ.
ಸಾಹೇಬರಿಗೆಂದು ಗೇರುಬೀಜ ತರಬೇಡ ಎಂದು
ಎರಡು ಸಲ ಫೋನು ಮಾಡಿ ಹೇಳಿದೆ.
ತರುತ್ತಾನೆ.